ನಿಂತ ಪೈರಿಗಾಗಿ ಬಂದವರು

ಮೂವತ್ತೊಂದು ವರ್ಷ ಜಮೀನು ಅಳೆದು ನಿವೃತ್ತನಾದವನು ನಾನು. ಸರ್ಕಾರಿ ಕಾಗದದಲ್ಲಿ ಭೂಮಾಪಕ, ಊರವರ ಬಾಯಲ್ಲಿ ಸರ್ವೆಯವರು. ಕೆಲಸ ಬಿಟ್ಟರೂ ಅದರ ಚಟ ಬಿಟ್ಟಿಲ್ಲ. ಯಾರ ಮನೆಗೆ ಹೋದರೂ ಕಾಂಪೌಂಡು ಓರೆಯಾಗಿದೆಯೇ ಎಂದು ಕಣ್ಣು ಮೊದಲು ಅಲ್ಲಿಗೇ ಹೋಗುತ್ತದೆ, ಕಾಫಿ ಆಮೇಲೆ.

ಹೋದ ವರ್ಷ ಮಗಳ ಮನೆಗೆಂದು ಅಮೆರಿಕದ ಒಹಾಯೊ ರಾಜ್ಯಕ್ಕೆ ಹೋಗಿದ್ದೆ. ಅಲ್ಲಿನ ನಕ್ಷೆ ಹರಡಿಕೊಂಡು ಕುಳಿತಾಗ ಒಂದು ಸಂಗತಿ ಹಿಡಿದುಬಿಟ್ಟಿತು. ಸಯೋಟೊ ನದಿಯ ಪಶ್ಚಿಮಕ್ಕೆ ಜಮೀನುಗಳು ನಮ್ಮಲ್ಲಿಯಂತೆಯೇ ಅಂಕುಡೊಂಕು. ಮರ, ಹಳ್ಳ, ಬಂಡೆಗಳನ್ನೇ ಚಕ್ಕುಬಂದಿ ಮಾಡಿಕೊಂಡು ಬರೆದ ಹಳೆಯ ಅಳತೆ ಅದು. ಪೂರ್ವದ ಗುಡ್ಡಗಾಡಿನಲ್ಲಿ ಮಾತ್ರ ಗುಡ್ಡವನ್ನೂ ಹೊಳೆಯನ್ನೂ ಲೆಕ್ಕಿಸದೆ ಚೌಕ, ಚೌಕ, ಚೌಕ. ಚದುರಂಗದ ಹಾಸನ್ನು ಕಾಡಿನ ಮೇಲೆ ಹೊದಿಸಿದಂತಿದೆ.

ಆ ಚೌಕಗಳು ಹುಟ್ಟಿದ್ದು 1785ರ ಮೇ ತಿಂಗಳಿನ ಭೂ ಕಾಯಿದೆಯಿಂದ. ಆರು ಮೈಲಿ ಉದ್ದ, ಆರು ಮೈಲಿ ಅಗಲದ ಒಂದೊಂದು ಟೌನ್‌ಶಿಪ್. ಅದರೊಳಗೆ 36 ತುಂಡು. ತುಂಡಿಗೆ 640 ಎಕರೆ. 16ನೇ ತುಂಡು ಶಾಲೆಗೆ. ಮಾರಾಟದ ಕನಿಷ್ಠ ಬೆಲೆ ಎಕರೆಗೆ ಒಂದು ಡಾಲರ್. ಸ್ವಾತಂತ್ರ್ಯದ ಯುದ್ಧ ಗೆದ್ದು ಸಾಲದಲ್ಲಿ ಮುಳುಗಿದ್ದ ಹೊಸ ದೇಶಕ್ಕೆ ಮಾರಲು ಇದ್ದದ್ದು ನೆಲವೊಂದೇ. ಅಳೆದದ್ದು ಗಂಟರ್ ಸರಪಳಿಯಲ್ಲಿ: 66 ಅಡಿ, 100 ಕೊಂಡಿ. ನಾನು ಎಳೆದು ಸವೆಸಿದ ಸರಪಳಿ ಅದರ ಸರಿ ಅರ್ಧ, 33 ಅಡಿ, 16 ಆಣೆ. ಅದನ್ನು ಅಡ್ಡಕ್ಕೂ ಉದ್ದಕ್ಕೂ ಒಮ್ಮೆ ಹಾಸಿದರೆ ಒಂದು ಗುಂಟೆ, 1089 ಚದರ ಅಡಿ. ಇಬ್ಬರದೂ ಒಂದೇ ವಂಶದ ಸರಪಳಿ ಎಂದು ತಿಳಿದಾಗ ದೂರದ ನೆಂಟರು ಸಿಕ್ಕಷ್ಟು ಖುಷಿಯಾಯಿತು.

ಆ ಖುಷಿಯಲ್ಲೇ ಮೂಲ ಕಾಯಿದೆಯನ್ನು ಓದುತ್ತಾ ಕುಳಿತೆ. ಮಗಳು, "ಅಪ್ಪ, ಇದು ಯಾರೂ ಓದದ ಕಾಗದ" ಎಂದಳು. ಯಾರೂ ಓದದ ಕಾಗದ ಓದಿಯೇ ಅವಳ ಫೀಸು ಕಟ್ಟಿದವನು ನಾನು! ಕೊನೆಕೊನೆಗೆ ಒಂದು ವಾಕ್ಯ ಅಡ್ಡ ಬಂತು. ಮಸ್ಕಿಂಗಮ್ ನದಿಯ ದಡದ ಗ್ನಾಡೆನ್‌ಹಟನ್, ಶೋನ್‌ಬ್ರುನ್, ಸೇಲಂ ಎಂಬ ಮೂರು ಊರುಗಳನ್ನು ಮಾರಾಟದಿಂದ ಹೊರಗಿಡಬೇಕು. ಅವು ಹಿಂದೆ ಅಲ್ಲಿ ನೆಲೆಸಿದ್ದ ಕ್ರೈಸ್ತ ಇಂಡಿಯನ್ನರಿಗೆ, ಅಥವಾ ಆ ಸಮಾಜದಲ್ಲಿ ಉಳಿದವರಿಗೆ ಸೇರತಕ್ಕದ್ದು.

ಅಥವಾ ಉಳಿದವರಿಗೆ. ಪಹಣಿ, ಆಕಾರಬಂದ್ ನೋಡಿ ಕಣ್ಣು ಸವೆಸಿದವನಿಗೆ ಇಂಥ ಮಾತು ಕಿವಿಗೆ ತಟ್ಟುತ್ತದೆ. ದಾಖಲೆಯಲ್ಲಿ 'ಉಳಿದವರು' ಎಂಬ ಪದ ಸುಮ್ಮನೆ ಬರುವುದಿಲ್ಲ. ಮೂರು ಊರಿನ ಜನಕ್ಕೆ ಏನೋ ಆಗಿದೆ, ಬರೆದವರಿಗೆ ಅದು ಗೊತ್ತಿದೆ, ಬರೆಯಲು ಮನಸ್ಸಿಲ್ಲ.

ಆ ಜನ ಲೆನಾಪೆಗಳು, ಅಮೆರಿಕದ ಮೂಲನಿವಾಸಿಗಳು. ಇಂಗ್ಲಿಷರು ಅವರ ನದಿಗೆ ತಮ್ಮ ಗವರ್ನರೊಬ್ಬನ ಬಿರುದಾದ ಡೆಲವೇರ್ ಎಂಬ ಹೆಸರಿಟ್ಟು, ಆಮೇಲೆ ಅದೇ ಹೆಸರನ್ನು ಜನಕ್ಕೂ ಅಂಟಿಸಿದರು. ಅವರ ಮೂಲ ನೆಲ ಅಟ್ಲಾಂಟಿಕ್ ಕರಾವಳಿಯ ಹತ್ತಿರ. ಅಲ್ಲಿಂದ ಪೂರ್ವ ಒಹಾಯೊದ ಕಾಡಿಗೆ ಅವರು ಬಂದ ದಾರಿ ಬಲು ಉದ್ದ. ಅದರಲ್ಲಿ ಒಂದು ಘಟನೆಯನ್ನಂತೂ ನನ್ನ ಕಸುಬಿನವನು ಬಿಡಲಾರ. ಪೆನ್ಸಿಲ್ವೇನಿಯಾವನ್ನು ಸ್ಥಾಪಿಸಿದ ವಿಲಿಯಂ ಪೆನ್ ಲೆನಾಪೆಗಳೊಂದಿಗೆ ನಂಬಿಕೆಯಿಂದ ನಡೆದುಕೊಂಡವನೆಂದು ಹೆಸರಾಗಿದ್ದ. ಅವನ ಮಕ್ಕಳು ಒಂದು ಹಳೆಯ ಕರಾರನ್ನು ಹೊರತೆಗೆದರು. ಮನುಷ್ಯನೊಬ್ಬ ಒಂದೂವರೆ ದಿನ ನಡೆದಷ್ಟು ದೂರದ ಭೂಮಿ ತಮ್ಮದೆಂದು ಅದರಲ್ಲಿದೆ ಎಂದರು. ನಡಿಗೆ ಎಂದರೆ ಬುತ್ತಿ ಕಟ್ಟಿಕೊಂಡು, ನೆರಳಲ್ಲಿ ಕುಳಿತು, ಎಲೆಯಡಿಕೆ ಹಾಕಿಕೊಂಡು ಹೋಗುವ ನಡಿಗೆ ಎಂದು ನಾವು ನೀವು ತಿಳಿಯುವಂತೆಯೇ ಲೆನಾಪೆಗಳೂ ತಿಳಿದಿದ್ದರು. 1737ರ ಸೆಪ್ಟೆಂಬರಿನಲ್ಲಿ ಪೆನ್‌ನ ಮಕ್ಕಳ ಕಡೆಯವರು ಮೂವರು ಬಿರುಸಿನ ನಡಿಗೆಗಾರರನ್ನು ಗೊತ್ತುಮಾಡಿ, ಮೊದಲೇ ಸವರಿಸಿಟ್ಟ ಕಾಡುದಾರಿಯಲ್ಲಿ ಬಿಟ್ಟರು. ಇಬ್ಬರು ದಾರಿಯಲ್ಲೇ ಕುಸಿದರು. ಎಡ್ವರ್ಡ್ ಮಾರ್ಷಲ್ ಎಂಬವನು ಮಾತ್ರ ಎರಡನೆಯ ದಿನದ ಮಧ್ಯಾಹ್ನಕ್ಕೆ ಅರವತ್ತು ಮೈಲಿ ದಾಟಿದ್ದ.

ಅಷ್ಟಕ್ಕೇ ನಿಂತಿದ್ದರೆ ದುರಾಸೆ ಎನ್ನಬಹುದಿತ್ತು. ಅವನು ನಿಂತ ಜಾಗದಿಂದ ಡೆಲವೇರ್ ನದಿಗೆ ಗೆರೆ ಎಳೆಯಬೇಕಲ್ಲ, ಹತ್ತಿರದ ದಡಕ್ಕೆ ಎಳೆಯದೆ, ನಡೆದ ದಿಕ್ಕಿಗೆ ಲಂಬವಾಗಿ ಈಶಾನ್ಯಕ್ಕೆ ಎಳೆದುಬಿಟ್ಟರು. ಲಕ್ಷಾಂತರ ಎಕರೆ ಆ ಒಂದು ಕೋನದೊಳಗೆ ಬಂತು. ಕಾಲಿನಿಂದ ಮಾಡಿದ ಮೋಸಕ್ಕಿಂತ ಕೋನಮಾಪಕದಿಂದ ಮಾಡಿದ ಮೋಸ ದೊಡ್ಡದು. ಸರಪಳಿ ಹಿಡಿದವನ ಕೈಯಲ್ಲಿ ಎಂಥ ಶಕ್ತಿ ಇದೆ ಎನ್ನುವುದು ಹಿಡಿದವನಿಗೇ ಗೊತ್ತು.

ಹೀಗೆ ನೆಲ ಕಳೆದುಕೊಂಡವರಲ್ಲಿ ಕೆಲವರು ಮೊರೇವಿಯನ್ ಎಂಬ ಜರ್ಮನ್ ಭಾಷಿಕ ಕ್ರೈಸ್ತ ಪಂಥದವರ ಜೊತೆ ಸೇರಿದರು. ಯುದ್ಧಕ್ಕೆ ಹೋಗುವುದಿಲ್ಲ ಎನ್ನುವುದು ಆ ಪಂಥದ ನೇಮ. 1746ರಲ್ಲಿ ಪೆನ್ಸಿಲ್ವೇನಿಯಾದಲ್ಲೇ ಒಂದು ಊರು ಕಟ್ಟಿ ಗ್ನಾಡೆನ್‌ಹಟನ್ ಎಂದು ಹೆಸರಿಟ್ಟರು. ಕೃಪೆಯ ಗುಡಿಸಲುಗಳು ಎಂದು ಅರ್ಥ. 1755ರ ನವೆಂಬರಿನ ಒಂದು ಸಂಜೆ, ಫ್ರೆಂಚರ ಪಕ್ಷ ವಹಿಸಿದ್ದ ಮೂಲನಿವಾಸಿ ಯೋಧರು ಬಂದು ಊಟಕ್ಕೆ ಕುಳಿತಿದ್ದ ಮಿಷನರಿ ಕುಟುಂಬಗಳ ಹನ್ನೊಂದು ಮಂದಿಯನ್ನು ಕೊಂದು ಊರಿಗೆ ಬೆಂಕಿಯಿಟ್ಟರು. ಎಂಟು ವರ್ಷದ ಮೇಲೆ ಸರದಿ ತಿರುಗಿತು. 1763ರ ಡಿಸೆಂಬರಿನಲ್ಲಿ ಪ್ಯಾಕ್ಸ್‌ಟನ್ ಕಡೆಯ ಬಿಳಿಯರ ಗುಂಪು, ಯಾರ ತಂಟೆಗೂ ಹೋಗದ ಕಾನೆಸ್ಟೋಗಾ ಎಂಬ ಸಣ್ಣ ಸಮುದಾಯದ ಇಪ್ಪತ್ತು ಜನರನ್ನು ಕೊಂದಿತು. ಅದರಲ್ಲಿ ಹದಿನಾಲ್ಕು ಮಂದಿ ರಕ್ಷಣೆಗೆಂದು ಸರ್ಕಾರವೇ ಒಳಗಿರಿಸಿದ್ದ ಕಟ್ಟಡದಲ್ಲಿ ಸತ್ತರು. ಅದೇ ಭಯದಿಂದ ಮೊರೇವಿಯನ್ ಲೆನಾಪೆಗಳನ್ನು ಫಿಲಡೆಲ್ಫಿಯಾದ ಸೈನಿಕ ವಸತಿಯಲ್ಲಿ ಕೂಡಿಹಾಕಿದರು. ಅಲ್ಲಿ ಕೊಲೆಗಾರರು ತಲುಪಲಿಲ್ಲ, ಸಿಡುಬು ತಲುಪಿತು. ನೂರ ನಲವತ್ತರಷ್ಟು ಜನರಲ್ಲಿ 56 ಮಂದಿ ಹೋದರು.

ಇಷ್ಟಾದ ಮೇಲೂ ಅವರು ಊರು ಕಟ್ಟುವುದನ್ನು ಬಿಡಲಿಲ್ಲ. 1772ರಲ್ಲಿ ಒಹಾಯೊದ ಕಾಡಿಗೆ ಬಂದು, ಕಾಯಿದೆ ಮಸ್ಕಿಂಗಮ್ ಎಂದು ಕರೆದ, ಇಂದು ಟಸ್ಕರಾವಸ್ ಎನ್ನುವ ನದಿಯ ದಂಡೆಯಲ್ಲಿ ಮತ್ತೆ ಮರದ ದಿಮ್ಮಿಯ ಮನೆಗಳನ್ನು ಎಬ್ಬಿಸಿದರು. ಎರಡನೆಯ ಊರಿಗೂ ಅದೇ ಹೆಸರಿಟ್ಟರು, ಗ್ನಾಡೆನ್‌ಹಟನ್. ಅದು ಧೈರ್ಯವೋ ಹಟವೋ ಭಕ್ತಿಯೋ, ನನಗೆ ಬಗೆಹರಿದಿಲ್ಲ. ಮುಂದೆ ನಿಂತವನು ಡೇವಿಡ್ ಝೈಸ್‌ಬರ್ಗರ್ ಎಂಬ ಮೊರೇವಿಯನ್ ಮಿಷನರಿ. ಲೆನಾಪೆ ಭಾಷೆ ಕಲಿತು, ಮಕ್ಕಳಿಗಾಗಿ ಅಕ್ಷರ ಪುಸ್ತಕ ಬರೆದು 1776ರಲ್ಲಿ ಫಿಲಡೆಲ್ಫಿಯಾದಲ್ಲಿ ಅಚ್ಚು ಹಾಕಿಸಿದ. ಕನ್ನಡದವರಿಗೆ ಇಲ್ಲಿ ಕಿಟೆಲ್ ನೆನಪಾಗದೆ ಇರುವುದಿಲ್ಲ. ಆದರೆ ಕಿಟೆಲರ ನಿಘಂಟನ್ನು ಬಳಸಲು ಕನ್ನಡಿಗರು ಉಳಿದಿದ್ದರು.

ಊರಿನ ಕಟ್ಟಳೆಗಳಲ್ಲಿ ಎರಡನ್ನು ಹೇಳಬೇಕು. ರಕ್ತ ಹರಿಸುವ ಯುದ್ಧಕ್ಕೆ ಹೋಗಬಯಸುವವರಿಗೆ ಊರಲ್ಲಿ ಜಾಗವಿಲ್ಲ. ಲೂಟಿಯ ಮಾಲೆಂದು ತಿಳಿದೂ ಯೋಧರಿಂದ ವಸ್ತು ಕೊಂಡವರಿಗೂ ಇಲ್ಲ. ಈ ಎರಡನೆಯದನ್ನು ನೆನಪಿಟ್ಟುಕೊಳ್ಳಿ.

ಅಷ್ಟರಲ್ಲಿ ಅಮೆರಿಕದ ಕ್ರಾಂತಿಯುದ್ಧ ಶುರುವಾಯಿತು. ವಾಯವ್ಯದಲ್ಲಿ ಡೆಟ್ರಾಯಿಟ್, ಬ್ರಿಟಿಷರದು. ಪೂರ್ವದಲ್ಲಿ ಪಿಟ್ ಕೋಟೆ, ಅಮೆರಿಕನ್ನರದು. ನಡುವಿನ ಕಾಲುದಾರಿಯ ಮೇಲೆ ಈ ಮೂರು ಊರು. ಡೆಟ್ರಾಯಿಟಿನ ಕಡೆಯಿಂದ ದಾಳಿಗೆ ಹೋಗುವ ಯೋಧರು ದಾರಿಯಲ್ಲಿ ಇವರ ಬಾಗಿಲಲ್ಲಿ ನಿಂತು ಅನ್ನ ಕೇಳುತ್ತಿದ್ದರು, ಕೊಡದೆ ವಿಧಿಯಿರಲಿಲ್ಲ. ಝೈಸ್‌ಬರ್ಗರ್ ಮತ್ತು ಅವನ ಜೊತೆಗಾರ ಜಾನ್ ಹೆಕ್‌ವೆಲ್ಡರ್ ಅದೇ ದಾಳಿಗಳ ಸುಳಿವನ್ನು ಗುಟ್ಟಾಗಿ ಪಿಟ್ ಕೋಟೆಗೆ ಮುಟ್ಟಿಸುತ್ತಿದ್ದರು. ಆದ್ದರಿಂದ ಇವರನ್ನು ಶಂಕಿಸಲು ಎರಡೂ ಕಡೆಯವರಿಗೆ ಚೂರುಪಾರು ಕಾರಣವಿತ್ತು ಎನ್ನುವುದನ್ನು ಮುಚ್ಚಿಡಬಾರದು. ಇವರನ್ನು ಬರೀ ಮುಗ್ಧರೆಂದು ಬರೆಯುವವರು ಆ ಜಾಗದಲ್ಲಿ ಬದುಕಲು ಎಷ್ಟು ಜಾಣತನ ಬೇಕಿತ್ತು ಎನ್ನುವುದನ್ನೇ ಮರೆಯುತ್ತಾರೆ.

1781ರ ಸೆಪ್ಟೆಂಬರಿನಲ್ಲಿ ಬ್ರಿಟಿಷರ ಪಕ್ಷದ ವೈಯಂಡಾಟ್ ಮತ್ತು ಲೆನಾಪೆ ಯೋಧರು ಬಂದು ಮೂರೂ ಊರನ್ನು ಎಬ್ಬಿಸಿ, ನೂರು ಮೈಲಿಯಷ್ಟು ದೂರದ ಸಾಂಡಸ್ಕಿ ನದಿಯ ಬಯಲಿಗೆ ಅಟ್ಟಿಕೊಂಡು ಹೋದರು. ಹೊಲದಲ್ಲಿ ಮೆಕ್ಕೆಜೋಳ ತೆನೆ ತುಂಬಿ ನಿಂತಿತ್ತು. ಕೊಯ್ಯಲು ಬಿಡಲಿಲ್ಲ.

ಇಲ್ಲಿ ನನ್ನದೊಂದು ನೆನಪು. ಕೆಲಸಕ್ಕೆ ಸೇರಿದ ಹೊಸತರಲ್ಲಿ ಆಣೆಕಟ್ಟೆಯೊಂದರ ಹಿನ್ನೀರಿಗೆ ಮುಳುಗುವ ಜಮೀನುಗಳ ಅಳತೆಗೆ ಹೋಗಿದ್ದೆ. ಪರಿಹಾರ ಕೊಟ್ಟಾಗಿತ್ತು, ಊರು ಖಾಲಿಯಾಗಿತ್ತು. ಬೆಳಗಿನ ಜಾವ ನೋಡಿದರೆ ಹೊಲದಲ್ಲಿ ಕುಡುಗೋಲು ಹಿಡಿದ ಐದಾರು ಜನ. ಮೊಣಕಾಲು ನೀರಿನಲ್ಲಿ ನಿಂತು ಜೋಳ ಕೊಯ್ಯುತ್ತಿದ್ದರು. ನಾನು ಬೈದೆ. ಅಜ್ಜಿಯೊಬ್ಬಳು ತಲೆ ಕೂಡ ಎತ್ತದೆ, "ನಿಂತ ಪೈರು ಬಿಟ್ಟು ಹೋದರೆ ಮುಂದಿನ ಊರಲ್ಲೂ ಅನ್ನ ಹುಟ್ಟುವುದಿಲ್ಲ ಸ್ವಾಮಿ" ಎಂದಳು. ಅವಳ ಕೈ ನಿಲ್ಲಲಿಲ್ಲ. ನಾನು ದಡದಲ್ಲಿ ಕುಳಿತು ಕಾದೆ.

ಸಾಂಡಸ್ಕಿಯಲ್ಲಿ ಆ ಚಳಿಗಾಲ ಹಸಿವು ಕಟ್ಟಿಹಾಕಿತು. ದನಗಳು ಸತ್ತವು, ಮಕ್ಕಳು ಸತ್ತವು. ಫೆಬ್ರವರಿಯಲ್ಲಿ ಸುಮಾರು ನೂರೈವತ್ತು ಜನ ಹಿಂದಿನ ಊರುಗಳಿಗೆ ಮರಳಿದರು. ಚಳಿಗಾಲವಿಡೀ ಹೊಲದಲ್ಲೇ ಒಣಗಿ ನಿಂತಿದ್ದ ಜೋಳ ಮುರಿಯಲು.

ಅದೇ ಫೆಬ್ರವರಿಯಲ್ಲಿ ಬೇರೆ ಯೋಧರ ಗುಂಪುಗಳು ಪೆನ್ಸಿಲ್ವೇನಿಯಾದ ಗಡಿಯ ಒಂಟಿ ಮನೆಗಳ ಮೇಲೆ ಬಿದ್ದು ಹೆಂಗಸರನ್ನೂ ಮಕ್ಕಳನ್ನೂ ಕೊಂದಿದ್ದವು. ಆ ಮನೆಗಳ ಗಂಡಸರು, ನೆರೆಹೊರೆಯವರು, ಸುಮಾರು 160 ಮಂದಿ, ಡೇವಿಡ್ ವಿಲಿಯಮ್ಸನ್ ಎಂಬವನ ಮುಂದಾಳತ್ವದಲ್ಲಿ ಹೊರಟರು. ಮಾರ್ಚ್ ಮೊದಲ ವಾರ ಗ್ನಾಡೆನ್‌ಹಟನ್ ತಲುಪಿದರು. ಹೊಲದಲ್ಲಿದ್ದವರೊಂದಿಗೆ ಸ್ನೇಹದಿಂದ ಮಾತಾಡಿದರು. ನಿಮ್ಮನ್ನು ಪಿಟ್ ಕೋಟೆಗೆ ಕರೆದೊಯ್ಯುತ್ತೇವೆ, ಅಲ್ಲಿ ಉಣ್ಣಲು ಸಿಗುತ್ತದೆ, ಬಂದೂಕುಗಳನ್ನು ನಮ್ಮ ಕೈಗೆ ಕೊಡಿ ಎಂದರು. ಇವರು ಕೊಟ್ಟರು. ಸೇಲಂ ಊರಿನವರನ್ನೂ ಕರೆತಂದರು. ಶೋನ್‌ಬ್ರುನ್‌ನವರಿಗೆ ಮಾತ್ರ ಸುಳಿವು ಸಿಕ್ಕಿ ತಪ್ಪಿಸಿಕೊಂಡರು.

ಆಮೇಲೆ ಮನೆಗಳ ಜಡತಿ ನಡೆಯಿತು. ಚಹಾ ಪಾತ್ರೆ, ಕಪ್ಪು ಬಸಿ, ಸೀಸ ಬೆರೆತ ತವರದ ಚಮಚ, ಕೊಡಲಿ, ಮುದ್ರೆ ಒತ್ತಿದ ಕುದುರೆ. ಕಾಡಿನ ಜನರ ಮನೆಯಲ್ಲಿ ಕಪ್ಪು ಬಸಿ ಹೇಗೆ ಬಂತು, ಕದ್ದದ್ದೇ ಇರಬೇಕು ಎಂದರು. ಲೂಟಿಯ ಮಾಲು ಕೊಂಡವರನ್ನು ಊರಿನಿಂದ ಹೊರಹಾಕುವ ಕಟ್ಟಳೆ ಇಟ್ಟುಕೊಂಡಿದ್ದ ಜನ ಇವರು. ಕೊಂಡದ್ದು, ನಾವೇ ಮಾಡಿದ್ದು ಎಂದು ಒಂದೊಂದಕ್ಕೂ ಲೆಕ್ಕ ಒಪ್ಪಿಸಿದರು. ಕೇಳುವವರು ತೀರ್ಪನ್ನು ಮೊದಲೇ ಬರೆದುಕೊಂಡು ಬಂದಿದ್ದರು. ದಾಳಿಕೋರರಂತೆ ಬದುಕಿದ್ದರೆ ಶತ್ರುಗಳು, ನಮ್ಮಂತೆ ಬದುಕಿದ್ದರೆ ಕಳ್ಳರು. ನಾನು ಇಷ್ಟೂ ಚರಿತ್ರೆಯಲ್ಲಿ ಬಹಳ ಹೊತ್ತು ನಿಂತದ್ದು ಆ ಕಪ್ಪು ಬಸಿಯ ಹತ್ತಿರ.

ವಿಲಿಯಮ್ಸನ್ ತನ್ನ ಜನರನ್ನು ಸಾಲಾಗಿ ನಿಲ್ಲಿಸಿ ಮತ ಕೇಳಿದ. ಇವರನ್ನು ಪಿಟ್ ಕೋಟೆಗೆ ಒಯ್ಯೋಣವೋ, ಇಲ್ಲೇ ಮುಗಿಸೋಣವೋ? ಉಳಿಸಬೇಕೆನ್ನುವವರು ಮುಂದೆ ಬನ್ನಿ ಎಂದ. ಹೊಸ ಗಣರಾಜ್ಯ, ಎಲ್ಲದಕ್ಕೂ ಬಹುಮತ. ಮುಂದೆ ಬಂದವರು ಹದಿನೆಂಟು ಮಂದಿ ಇರಬಹುದು, ಅಷ್ಟೇ. ಬೆಳಿಗ್ಗೆ ಸಾಯಬೇಕೆಂದು ಕೈದಿಗಳಿಗೆ ತಿಳಿಸಿದರು. ಅವರು ಒಂದು ರಾತ್ರಿ ಕೇಳಿಕೊಂಡರು. ಆ ರಾತ್ರಿ ಪ್ರಾರ್ಥಿಸಿದರು, ಹಾಡಿದರು, ಒಬ್ಬರಲ್ಲೊಬ್ಬರು ಕ್ಷಮೆ ಕೇಳಿದರು. ಪೆನ್ಸಿಲ್ವೇನಿಯಾದ ಬೆಥ್ಲೆಹೆಮಿನಲ್ಲಿ ಓದಿ ಇಂಗ್ಲಿಷ್ ಬಲ್ಲವಳಾಗಿದ್ದ ಕ್ರಿಸ್ಟಿನಾ ಎಂಬ ಹೆಂಗಸು ವಿಲಿಯಮ್ಸನ್‌ನ ಮುಂದೆ ಮೊಣಕಾಲೂರಿ ಅವನದೇ ಭಾಷೆಯಲ್ಲಿ ಜೀವಭಿಕ್ಷೆ ಬೇಡಿದಳು. ತನ್ನಿಂದ ಏನೂ ಆಗದು ಎಂದ.

1782ರ ಮಾರ್ಚ್ 8. ಗಂಡಸರನ್ನು ಒಂದು ಮನೆಗೆ, ಹೆಂಗಸರನ್ನೂ ಮಕ್ಕಳನ್ನೂ ಇನ್ನೊಂದಕ್ಕೆ ಒಯ್ದರು. ಪೀಪಾಯಿ ಮಾಡುವವನ ಕೊಡತಿಯಿಂದ ತಲೆಗೆ ಹೊಡೆದರು. ಒಬ್ಬ ಹದಿನಾಲ್ಕು ಜನರನ್ನು ಹೊಡೆದು, ತೋಳು ಸೋತಿತೆಂದು ಕೊಡತಿಯನ್ನು ಪಕ್ಕದವನ ಕೈಗೆ ದಾಟಿಸಿದ. ಒಟ್ಟು 96 ಜನ: ಗಂಡಸರು 28, ಹೆಂಗಸರು 29, ಮಕ್ಕಳು 39. ಇಬ್ಬರು ಹುಡುಗರು ಉಳಿದರು. ಒಬ್ಬ ನೆತ್ತಿಯ ಚರ್ಮ ಸುಲಿಸಿಕೊಂಡೂ ಹೆಣಗಳ ನಡುವೆ ಕತ್ತಲಾಗುವವರೆಗೆ ಅಲುಗದೆ ಮಲಗಿದ್ದ. ಇನ್ನೊಬ್ಬ ಹಲಗೆಯ ನೆಲದ ಅಡಿಯಲ್ಲಿ ಅಡಗಿ, ಮೇಲಿನಿಂದ ಸೋರುತ್ತಿದ್ದುದರ ಕೆಳಗೆ ದಿನವಿಡೀ ಉಸಿರು ಬಿಗಿಹಿಡಿದಿದ್ದ. ಮನೆಗಳಿಗೆ ಬೆಂಕಿ ಬಿತ್ತು. ಕಳ್ಳಮಾಲು ಎಂದ ಪಾತ್ರೆ ಪಡಗಗಳನ್ನೆಲ್ಲ ಕುದುರೆಗಳ ಮೇಲೆ ಹೇರಿಕೊಂಡು ಹೋದರು.

ಕೊಂದವರ ರಾಜ್ಯ ಪೆನ್ಸಿಲ್ವೇನಿಯಾ. ಸರಿಯಾಗಿ ಒಂದು ತಿಂಗಳ ನಂತರ, ಏಪ್ರಿಲ್ 8ರಂದು, ಅದೇ ಪೆನ್ಸಿಲ್ವೇನಿಯಾ ಸಜ್ಜುಗೊಳಿಸಿದ ಒಂದು ಹಡಗು ಡೆಲವೇರ್ ಕೊಲ್ಲಿಯಲ್ಲಿ ತನಗಿಂತ ದೊಡ್ಡದಾದ ಬ್ರಿಟಿಷ್ ಹಡಗು ಜನರಲ್ ಮಂಕ್ ಅನ್ನು ಅರ್ಧ ಗಂಟೆಯಲ್ಲಿ ಸೆರೆಹಿಡಿಯಿತು. ಗೆದ್ದ ಹಡಗಿನ ಹೆಸರು ಹೈದರ್ ಅಲಿ. ಹೌದು, ನಮ್ಮ ಶ್ರೀರಂಗಪಟ್ಟಣದ ಹೈದರ್ ಅಲಿ. ಶತ್ರುವಿನ ಶತ್ರು ಎಂಬ ಅಭಿಮಾನದಿಂದ ಇಟ್ಟ ಹೆಸರು. ಭೂಗೋಳದ ಆಚೆ ಬದಿಯಲ್ಲಿ, ಎಂದೂ ಕಣ್ಣಾರೆ ಕಾಣದ ಒಬ್ಬ ಇಂಡಿಯನ್ನನ ಹೆಸರನ್ನು ಹಡಗಿಗೆ ಬರೆಸಿ ಮೆರೆದ ರಾಜ್ಯಕ್ಕೆ, ಪಕ್ಕದ ಕಾಡಿನ ಇಂಡಿಯನ್ನರು ಯಾರ ಪಕ್ಷ ಎಂದು ತಿಳಿಯುವ ತಾಳ್ಮೆ ಇರಲಿಲ್ಲ. ಮಗಳಿಗೆ ಇದನ್ನು ಹೇಳಿದಾಗ, "ಹಡಗಿಗೆ ಜಮೀನು ಬೇಕಾಗಿರಲಿಲ್ಲವಲ್ಲ ಅಪ್ಪ" ಎಂದಳು. ಸರ್ವೆಯವರ ಮಗಳು.

ಸೇಡು ಜೂನ್‌ನಲ್ಲಿ ಬಂತು, ಬೇರೆಯವನ ಮೇಲೆ. ಕರ್ನಲ್ ವಿಲಿಯಂ ಕ್ರಾಫರ್ಡ್ ಎಂಬವನು ಸಾಂಡಸ್ಕಿಯ ಮೇಲೆ ದಂಡು ತೆಗೆದುಕೊಂಡು ಹೋಗಿ ಸಿಕ್ಕಿಬಿದ್ದ. ಲೆನಾಪೆಗಳು ಗ್ನಾಡೆನ್‌ಹಟನ್‌ನ ಹೆಸರು ಹೇಳಿಯೇ ಅವನನ್ನು ಕಂಬಕ್ಕೆ ಕಟ್ಟಿ ನಿಧಾನವಾಗಿ ಸುಟ್ಟರು. ಕ್ರಾಫರ್ಡ್ ಮಾರ್ಚಿನಲ್ಲಿ ಅಲ್ಲಿರಲೇ ಇಲ್ಲ. ಅವನು ಜಾರ್ಜ್ ವಾಷಿಂಗ್ಟನ್‌ಗೆ ಪಶ್ಚಿಮದ ಜಮೀನುಗಳನ್ನು ಅಳೆದುಕೊಡುತ್ತಿದ್ದ ಭೂಮಾಪಕ, ನನ್ನ ಕಸುಬಿನವನು. ಅದೇ ದಂಡಿನಲ್ಲಿ ವಿಲಿಯಮ್ಸನ್ ಕೂಡ ಇದ್ದ, ತಪ್ಪಿಸಿಕೊಂಡ. ಮುಂದೆ ತನ್ನ ಕೌಂಟಿಯಲ್ಲಿ ಶೆರಿಫ್ ಆದ. ಮಾರ್ಚ್ 8ಕ್ಕಾಗಿ ಯಾರಿಗೂ ಶಿಕ್ಷೆಯಾಗಲಿಲ್ಲ.

ಅಕ್ಟೋಬರಿನ ಒಂದು ಶನಿವಾರ ಅಳಿಯಂದಿರು ನನ್ನನ್ನು ಕಾರಿನಲ್ಲಿ ಅಲ್ಲಿಗೆ ಕರೆದುಕೊಂಡು ಹೋದರು. ಕೊಲಂಬಸ್‌ನಿಂದ ಎರಡು ಗಂಟೆಯ ದಾರಿ. ಈಗಿನ ಊರಿನವರು ಅದನ್ನು ಜಿನೇಡನ್‌ಹಟನ್ ಎನ್ನುತ್ತಾರೆ. ಸಣ್ಣ ಊರು, ಸ್ಮಶಾನದ ಪಕ್ಕದಲ್ಲೇ ಆ ಜಾಗ. ಪೀಪಾಯಿಯವನ ಮನೆಯನ್ನೂ ಮಿಷನ್ ಮನೆಯನ್ನೂ ಮತ್ತೆ ಕಟ್ಟಿ ನಿಲ್ಲಿಸಿದ್ದಾರೆ. ಹಲಗೆಗಳ ಸಂದಿನಲ್ಲಿ ಬೆಳಕು ಬೀಳುತ್ತದೆ. ಹುಲ್ಲು ಹೊದ್ದ ಗುಂಡನೆಯ ದಿಬ್ಬವೊಂದಿದೆ. ವರ್ಷಗಳ ಮೇಲೆ ಹೆಕ್‌ವೆಲ್ಡರ್ ಮರಳಿ ಬಂದಾಗ ಒಟ್ಟುಗೂಡಿಸಿ ಹೂಳಿಸಿದ ಮೂಳೆಗಳು ಅದರೊಳಗಿವೆ. ಹತ್ತಿರದಲ್ಲೇ 1872ರಲ್ಲಿ ನಿಲ್ಲಿಸಿದ ಕಲ್ಲಿನ ಕಂಬ. 'ಇಲ್ಲಿ ತೊಂಬತ್ತು ಕ್ರೈಸ್ತ ಇಂಡಿಯನ್ನರು ಸಾವಿನಲ್ಲಿ ಜಯ ಪಡೆದರು' ಎಂದು ಕೆತ್ತಿದ್ದಾರೆ. ಕೊಂದವರು ಯಾರೆಂದು ಆ ವಾಕ್ಯದಲ್ಲಿಲ್ಲ. 'ಉಳಿದವರು' ಎಂದು ಬರೆದ ಕೈಯ ಮೊಮ್ಮಗನೇ ಇದನ್ನೂ ಬರೆದಿರಬೇಕು. ಆರು ಜನ ಲೆಕ್ಕದಿಂದಲೂ ಬಿದ್ದುಹೋಗಿದ್ದಾರೆ.

ಆ ದಿಬ್ಬವನ್ನು ಹೆಜ್ಜೆ ಹಾಕಿ ಅಳೆಯಲು ಕಾಲು ತುರಿಸಿತು. ಅಳೆಯಲಿಲ್ಲ.

ಕಾಯಿದೆ ಕೊಟ್ಟ ಮಾತು ಕಾಗದದ ಮಟ್ಟಿಗೆ ನಡೆಯಿತು. ಒಂದೊಂದು ಊರಿಗೆ 4,000 ಎಕರೆಯಂತೆ 12,000 ಎಕರೆ ಮೀಸಲಾಯಿತು. 1798ರಲ್ಲಿ ಮುದುಕ ಝೈಸ್‌ಬರ್ಗರ್ ಕೆಲವೇ ಕುಟುಂಬಗಳೊಂದಿಗೆ ಬಂದು ಗೋಶನ್ ಎಂಬ ಇನ್ನೊಂದು ಊರು ಕಟ್ಟಿದ. 1808ರಲ್ಲಿ ಅಲ್ಲೇ ತೀರಿಕೊಂಡ. ಸುತ್ತಲೂ ಎಕರೆಗೆ ಇಷ್ಟೆಂದು ನೆಲ ಮಾರಾಟವಾಗಿ ಮೂರೂ ಕಡೆ ಬೇಲಿ ಬಂದಿತ್ತು. 1823ರ ಹೊತ್ತಿಗೆ ಜಮೀನು ಸರ್ಕಾರಕ್ಕೇ ವಾಪಸಾಯಿತು. ಹೆಚ್ಚಿನವರು ಅದಕ್ಕೆ ಮೊದಲೇ ಕೆನಡಾಕ್ಕೆ ದಾಟಿ, ಥೇಮ್ಸ್ ಎಂಬ ನದಿಯ ದಡದಲ್ಲಿ ಫೇರ್‌ಫೀಲ್ಡ್ ಕಟ್ಟಿಕೊಂಡಿದ್ದರು. 1813ರ ಯುದ್ಧದಲ್ಲಿ ಅಮೆರಿಕದ ಸೈನ್ಯ ಅದನ್ನೂ ಸುಟ್ಟಿತು. ನದಿಯ ಆಚೆ ದಡದಲ್ಲಿ ಮತ್ತೆ ಕಟ್ಟಿದರು. ಅವರ ವಂಶದವರ ಸಮುದಾಯ ಒಂಟಾರಿಯೊದಲ್ಲಿ ಇಂದಿಗೂ ಇದೆ.

ಹಿಂದಿರುಗುವ ಮೊದಲು ಇನ್ನೊಂದು ಜಾಗ ನೋಡಬೇಕೆಂದೆ. ಅಲ್ಲಿಂದ ಪೂರ್ವಕ್ಕೆ ಒಂದು ಗಂಟೆ ಚಿಲ್ಲರೆ ಹೋದರೆ ಈಸ್ಟ್ ಲಿವರ್‌ಪೂಲ್. ಒಹಾಯೊ ನದಿಯ ದಡ, ಪೆನ್ಸಿಲ್ವೇನಿಯಾದ ಗಡಿ. 1785ರ ಸೆಪ್ಟೆಂಬರ್ 30ರಂದು ಥಾಮಸ್ ಹಚಿನ್ಸ್ ಇಲ್ಲಿಂದ ಪಶ್ಚಿಮಕ್ಕೆ ಮೊದಲ ಸರಪಳಿ ಎಳೆದ. ಅಮೆರಿಕದ ಸರ್ಕಾರಿ ಭೂಮಿಯ ಆಯತ ಮೋಜಣಿಯೆಲ್ಲ ಶುರುವಾದ ಬಿಂದು ಅದು. ನಮ್ಮ ಲೆಕ್ಕದಲ್ಲಿ ಬಾಂದು ಕಲ್ಲುಗಳ ತಾಯಿ. ದಾರಿಯುದ್ದಕ್ಕೂ ಕೊಯ್ಲಿಗೆ ಬಂದ ಮೆಕ್ಕೆಜೋಳ ಕಂದು ಬಣ್ಣಕ್ಕೆ ತಿರುಗಿ ನಿಂತಿತ್ತು. ಕೆಲವು ಹೊಲಗಳಲ್ಲಿ ಯಂತ್ರಗಳು ಓಡಾಡುತ್ತಿದ್ದವು.

ರಸ್ತೆಯ ಬದಿಯಲ್ಲಿ ಒಂದು ಕಲ್ಲು. ಅದೇ ಇರಬೇಕೆಂದು ಚಪ್ಪಲಿ ಬಿಡುವಷ್ಟು ಭಕ್ತಿಯಿಂದ ಹೋದೆ. ಓದಿದರೆ, ಅದಲ್ಲ. ಮೂಲ ಬಿಂದು ಈ ಕಲ್ಲಿನಿಂದ 1112 ಅಡಿ ದಕ್ಷಿಣಕ್ಕಿದೆ ಎಂದು ಬರೆದಿತ್ತು. ದಕ್ಷಿಣಕ್ಕೆ ತಿರುಗಿದರೆ ಬರೀ ನದಿ. ಒಹಾಯೊಗೆ ಅಡ್ಡ ಕಟ್ಟೆಗಳನ್ನು ಕಟ್ಟಿದ ಮೇಲೆ ಆ ಜಾಗ ಹಿನ್ನೀರಿನಲ್ಲಿ ಮುಳುಗಿದೆ. "ಏನು ಮಾವ, ಲೆಕ್ಕ ಹಾಕುತ್ತಿದ್ದೀರಾ?" ಎಂದರು ಅಳಿಯಂದಿರು. ಹೌದು ಎಂದೆ. ನಮ್ಮ ಸರಪಳಿಯಲ್ಲಿ 33 ಸರಪಳಿ, 11 ಆಣೆ. ಕೊನೆಯ ಕೆಲವು ಸರಪಳಿ ನೀರಿನೊಳಗೆ.